ಚೀಟಿ ಬಿಟ್ಟು ಕಲ್ಲು ಕೊಡುವುದಿಲ್ಲ

“ವೈನಿ, ಕಲ್ಲು ಕೊಡ್ರಿ. ಚೀಟಿ ತಗದುಬಿಡ್ರಿ.”

ಹೀಗೆಂದದ್ದು ನನ್ನ ಮೈದುನ. ಮೊನ್ನೆ, ನಾಗಪುರದ ಸದರ್‌ನ ನಮ್ಮ ಮನೆಯಲ್ಲಿ, ನಮ್ಮವರ ನಾಲ್ಕನೇ ಮಾಸಿಕದ ದಿನ.

ನಮ್ಮವರು ಕಲ್ಲುಗಳ ವಯಸ್ಸು ಅಳೆಯುವ ಲ್ಯಾಬ್‌ನಲ್ಲಿದ್ದರು. (ಇಪ್ಪತ್ತಾರು ವರ್ಷ ಚಹಾದ ಜೊತೆ ಕೇಳಿ ಕೇಳಿ, ಹತ್ತನೇ ತರಗತಿ ಓದಿದ ನನಗೂ ಇಷ್ಟು ಗೊತ್ತು: ಕಲ್ಲಿನೊಳಗಿನ ಯುರೇನಿಯಂ ಬಹಳ ನಿಧಾನವಾಗಿ, ಒಂದೇ ಗತಿಯಲ್ಲಿ ಸೀಸವಾಗುತ್ತದೆ. ಎಷ್ಟು ಸೀಸವಾಗಿದೆ ಎಂದು ನೋಡಿದರೆ ವಯಸ್ಸು ತಿಳಿಯುತ್ತದೆ.) ಮೇಜಿನ ಮೇಲಿನ ಬೂದು ಕಲ್ಲನ್ನು ಊರಾಚೆಯ ಕೋರಾಡಿಯ ಶಾಲೆಗೆ ಕೊಡು ಎಂದು ಹೇಳಿಹೋಗಿದ್ದರು. ಮೈದುನ ಆ ಶಾಲೆಯ ಕಮಿಟಿಯಲ್ಲಿದ್ದಾನೆ.

ಕಲ್ಲಿಗೆ ಅವರದೇ ಅಕ್ಷರದ ಚೀಟಿ ಅಂಟಿದೆ. ‘೨೪೦ ಕೋಟಿ ವರ್ಷ.’ ಅದಕ್ಕೊಂದು ಅಡ್ಡಗೀಟು. ಕೆಳಗೆ, ‘೨೫೦ ಕೋಟಿ. ಹೆಚ್ಚುಕಡಿಮೆ ಒಂದು ಕೋಟಿ.’

“ಒಮ್ಮೆ ಇಷ್ಟು, ಒಮ್ಮೆ ಅಷ್ಟು! ಯಾರು ನೋಡ್ಯಾರ? ಭೂಮಿ ಹುಟ್ಟಿದಾಗ ನಮ್ಮಣ್ಣ ಬಾಣಂತಿ ಕೋಣ್ಯಾಗ ಇದ್ನೇನು? ಖಾತ್ರಿ ಇಲ್ಲದ್ದನ್ನ ಕಲಸ್ತೀರೇನಂತ ಪಾಲಕರು ಜಗಳಕ್ಕ ಬರ್ತಾರ ವೈನಿ.”

ನಾನು ಕಲ್ಲನ್ನು ನನ್ನ ಕಡೆ ಸರಿಸಿಕೊಂಡೆ. ಇವನ ಜೊತೆ ವಾದ ಮಾಡುತ್ತಿದ್ದವರು ಈಗ ಇಲ್ಲವಲ್ಲ?

ಅಷ್ಟರಲ್ಲಿ ಭಟ್ಟರು ಕರೆದರು. ನಮಗೆ ಮಕ್ಕಳಿಲ್ಲ, ಮೈದುನನೇ ಕರ್ತೃ. ಸಂಕಲ್ಪದಲ್ಲಿ ಕೂತ ಜಾಗ ಹೇಳಬೇಕು. ಭಟ್ಟರು ಧಾರವಾಡದಿಂದ ಬಂದು ಎರಡು ತಿಂಗಳಾಗಿದೆ, ನಮ್ಮ ಮನೆಗೆ ಇದೇ ಮೊದಲು. ರೂಢಿಯಂತೆ, “ಗೋದಾವರ್ಯಾ ದಕ್ಷಿಣೇ ತೀರೇ” ಅಂದರು. ಮೈದುನನೂ ಹಾಗೇ ಅಂದ. ಮೂವತ್ತು ವರ್ಷದಿಂದ ಇಲ್ಲೇ ಇರುವವನು!

ಮನೆಯ ಪ್ರತಿ ಪೂಜೆಯಲ್ಲೂ ನಮ್ಮವರು ಈ ಮಾತು ಬಂದಾಗ ಗಟ್ಟಿಯಾಗಿ “ಉತ್ತರೇ!” ಅನ್ನುತ್ತಿದ್ದರು. ಈ ಸಲ ಯಾರೂ ಅನ್ನಲಿಲ್ಲ. ಆಮೇಲೆ ನಾನೇ ಅಂದೆ.

“ಭಟ್ಟರ, ನಾಗಪುರ ಗೋದಾವರಿಗೆ ಉತ್ತರಕ್ಕದ.”

“ಅಯ್ಯ, ಬರೋಬರ್ ಅಕ್ಕಾರ! ನಾ ಬಂದ್ರೂ ನನ್ನ ಬಾಯಿ ಇನ್ನೂ ಊರಾಗ ಅದ ನೋಡ್ರಿ,” ಎಂದು ನಕ್ಕು ಭಟ್ಟರು ಮೊದಲಿಂದ ಶುರುಮಾಡಿದರು.

ಊಟದ ಹೊತ್ತಿಗೆ ಮೈದುನನನ್ನು ಕೇಳಿದೆ. “ಭಟ್ಟರು ತಿದ್ದಿಕೊಂಡ್ರಲ್ಲ, ನಿಮ್ಮಣ್ಣನ ಮಾಸಿಕ ಸುಳ್ಳಾತೇನು?”

ಅವನು ಇನ್ನಷ್ಟು ಮಜ್ಜಿಗೆ ಬಡಿಸಿಕೊಂಡ.

ಹಳೆಯ ಯಂತ್ರ ಹೇಳಿದ್ದು ತಪ್ಪೆಂದು ಹೊಸದರಲ್ಲಿ ಗೊತ್ತಾದ ದಿನ, ನಮ್ಮವರು ಮನೆಗೆ ಬಂದವರೇ ಚಪ್ಪಲಿ ಕೂಡ ಬಿಡದೆ ಚೀಟಿಯ ಮೇಲೆ ಎಳೆದ ಗೀಟು ಅದು. ಮುಖದಲ್ಲಿ ನಾಚಿಕೆ ಇರಲಿಲ್ಲ. ಖುಷಿ ಇತ್ತು.

ಸೋಮವಾರ ನಾನೇ ಕೋರಾಡಿ ಬಸ್ಸು ಹತ್ತುತ್ತೇನೆ. ಚೀಟಿ ಬೇಡವೆಂದರೆ ಕಲ್ಲು ನನ್ನ ಜೊತೆ ವಾಪಸ್.

ಕಲ್ಲು ಎಲ್ಲಾದರೂ ಸಿಗುತ್ತದೆ. ಒಬ್ಬ ಮನುಷ್ಯ ತನ್ನ ತಪ್ಪಿಗೆ ತಾನೇ ಎಳೆದ ಗೀಟನ್ನು ಆ ಮಕ್ಕಳು ಇನ್ನೆಲ್ಲಿ ನೋಡಬೇಕು?