ಅತ್ತೆಗೆ ಗೊತ್ತಿದ್ದ ಸಣ್ಣಾಕಿ

ಸಿಸ್ಟರುಗಳ ಕಾನ್ವೆಂಟಿನಲ್ಲಿ ಓದಿ ಬಂದ ನನಗೆ ರೋಣದ ಮನೆಯಲ್ಲಿ ರೊಟ್ಟಿ ಬಡಿಯಲು ಕಲಿಸಿದವರು ನಮ್ಮತ್ತೆ. ಸಪ್ಪಳ ಕೇಳಿಯೇ ಒಲೆಯ ಮುಂದೆ ಕೂತವರು ಯಾರೆಂದು ಅವರಿಗೆ ತಿಳಿಯುತ್ತಿತ್ತು. ನಾನಾದರೆ ಬಡಿತ ಸಮನಾಗಿರುತ್ತಿತ್ತು. ನನ್ನೊಳಗಿನ ಏಳೆಂಟು ವರ್ಷದ ಹುಡುಗಿ ಬಂದಾಗ ಬರೀ ನಡುವೆ ತಟ್ಟುತ್ತಿದ್ದಳು; ಅಂಚು ದಪ್ಪ ಉಳಿಯುತ್ತಿತ್ತು. ಅಂಗಳದಲ್ಲಿ ಕಡಲೆ ಹಸನು ಮಾಡುತ್ತಿದ್ದ ಅತ್ತೆ ಮೊರ ಬದಿಗಿಟ್ಟು ಒಳಗೆ ಬಂದು, "ಸಣ್ಣಾಕಿ ಬಂದಿಯೇನವಾ? ಆ ಕಡೆ ಸರಿ, ಹಂಚ ಸುಡತೈತಿ" ಎಂದು ತಾವೇ ಕೂಡುತ್ತಿದ್ದರಂತೆ. ಆ ಹೊತ್ತು ನನಗೆ ನೆನಪಿರುತ್ತಿರಲಿಲ್ಲ. ಅವರೇ ಆಮೇಲೆ ಹೇಳಿದ್ದು. ನನಗೆ ಎಚ್ಚರಾದಾಗ ಬೆರಳಿಗೆ ಅಂಟಿದ ಹಿಟ್ಟು ಒಣಗಿರುತ್ತಿತ್ತು, ಮುಂದೆ ಬೆಲ್ಲ ಹಚ್ಚಿದ ಅರ್ಧ ರೊಟ್ಟಿ ಇರುತ್ತಿತ್ತು.

ಓಣಿಗೆ ಗೊತ್ತಿದ್ದದ್ದು ಒಂದೇ: ದನಿ ಬದಲಾಯಿತೆಂದರೆ ಮೈಮೇಲೆ ದೇವಿ ಬಂದಳು. ಒಂದು ಶುಕ್ರವಾರ ಎದುರುಮನೆಯ ಚಿಗವ್ವ ನನ್ನ ಉಡಿ ತುಂಬಲು ಅಕ್ಕಿ, ಕಾಯಿ, ಕುಬಸದ ಖಣ ಹಿಡಿದು ಬಂದರು.

"ಯಕ್ಕಾ, ನಿನ್ನ ಸೊಸಿ ಮೈಯಾಗ ತಾಯಿ ಆಡ್ತಾಳಂತ. ನನ್ನ ಮಗಳಿಗೆ ಬಂದ ವರ ಒಪ್ಪಲೋ ಬ್ಯಾಡೋ, ಒಂದ್ ಮಾತ ಕೇಳ್ತೀನಿ."

"ಅದು ಅಂಜಿದ ಕೂಸೈತಿ, ತಂಗಿ. ಬೆಲ್ಲ ಬೇಡತೈತಿ. ಕೂಸಿನ ಮಾತ ಕೇಳಿ ಮದಿವಿ ಮಾಡ್ತಿಯೇನ?"

"ಹಂಗನ್ನಬ್ಯಾಡ, ತಾಯಿ ಸಿಟ್ಟಾಗ್ತಾಳ."

"ಆದ್ರ ನನ್ನ ಮ್ಯಾಲಾಗ್ಲಿ. ನೀ ಚಾ ಕುಡದ ಹೋಗ."

ಖರೇ ಹೇಳಬೇಕೆಂದರೆ, ನಾನು ಆಗಲೇ ಸೆರಗೊಡ್ಡಿ ಕೂತಿದ್ದೆ. ಹುಚ್ಚಿ ಎನ್ನಿಸಿಕೊಳ್ಳುವುದಕ್ಕಿಂತ ದೇವಿ ಎನ್ನಿಸಿಕೊಳ್ಳುವುದು ಹಿತವಾಗಿತ್ತು. ಅತ್ತೆ ಖಣವನ್ನು ಮಡಿಕೆ ಕೆಡದ ಹಾಗೆ ವಾಪಸು ಕೊಟ್ಟರು. ಮರುವಾರ ನನ್ನನ್ನು ಬಸ್ಸಿನಲ್ಲಿ ಧಾರವಾಡದ ದವಾಖಾನೆಗೆ ಕರೆದೊಯ್ದರು. ಕಿಟಕಿಯ ಪಕ್ಕದ ಸೀಟು ನನಗೇ ಕೊಟ್ಟಿದ್ದರು, ಸಣ್ಣಾಕಿಗೆ ಹೊಲ ನೋಡುವುದು ಇಷ್ಟವೆಂದು. ಡಿಸೋಸಿಯೇಟಿವ್ ಐಡೆಂಟಿಟಿ ಡಿಸಾರ್ಡರ್ ಎಂಬ ಹೆಸರು ಸಿಗಲು ಮತ್ತೆರಡು ವರ್ಷ ಹಿಡಿಯಿತು. ಎಳವೆಯಲ್ಲಿ ತಡೆಯಲಾಗದ್ದು ನಡೆದಾಗ ಮನಸ್ಸು ತನ್ನನ್ನೇ ಪಾಲು ಮಾಡಿಕೊಂಡು ಹೇಗೋ ಉಳಿಯುತ್ತದಂತೆ.

ಅತ್ತೆ ಈಗಿಲ್ಲ. ನಾನು ಗಜೇಂದ್ರಗಡ, ನರಗುಂದ ಎಂದು ಹೆಣ್ಣುಮಕ್ಕಳ ಸಂಘಗಳಿಗೆ ಹೋಗಿ ಅವರು ಅಂದದ್ದನ್ನೇ ನನ್ನ ಮಾತಿನಲ್ಲಿ ಅನ್ನುತ್ತೇನೆ: ಇದು ದೇವಿಯಲ್ಲ, ದೆವ್ವವಲ್ಲ, ಬೇನೆ. ಎಲ್ಲರೂ ತಲೆಯಾಡಿಸುತ್ತಾರೆ. ನಂಬಿದರೋ ಇಲ್ಲವೋ ತಿಳಿಯುವುದಿಲ್ಲ.

ಹೋದ ತಿಂಗಳು ನರಗುಂದದಲ್ಲಿ ಮಾತಾಡುತ್ತಿದ್ದಾಗಲೇ ಸಣ್ಣಾಕಿ ಬಂದುಬಿಟ್ಟಳು. ಎಚ್ಚರಾದಾಗ ಜಮಖಾನೆಯ ಅಂಚಿನಲ್ಲಿ ಕೂತಿದ್ದೆ. ದೇವಿ ಬಂದಳೆಂದು ಯಾರಾದರೂ ಭಂಡಾರದ ಅರಿಸಿನ ಹಚ್ಚಿದ್ದಾರೇನೋ ಎಂದು ಮೊದಲು ಹಣೆ ಮುಟ್ಟಿಕೊಂಡೆ. ಇರಲಿಲ್ಲ. ಯಾವಗಲ್ ಊರಿನ ಹೆಣ್ಣುಮಗಳೊಬ್ಬಳು ಸೆರಗಿನಿಂದ ಗಾಳಿ ಹಾಕುತ್ತಿದ್ದಳು.

"ನಾ ಏನಾರ ಅಂದ್ನೇನವಾ?"

"ಕೈ ಎತ್ತಿ 'ಸಿಸ್ಟರ್, ನೀರು ಕುಡೀಲಾ' ಅಂದ್ರಿ, ಅಕ್ಕಾರ. ಕುಡಿಯವಾ ಅಂದ್ ಕೊಟ್ಟಿವಿ. ನಮ್ಮ ದೊಡ್ಡವ್ವ ಕೈ ಮುಗಿಯಾಕ ಎದ್ದಿದ್ಲು, ನಾನ ಕೂಡಿಸಿದ್ನಿ." ಆಮೇಲೆ ದನಿ ತಗ್ಗಿಸಿ, "ನಮ್ಮ ತಂಗಿನೂ ಹಿಂಗ ಮಾಡ್ತಾಳ್ರಿ. ದವಾಖಾನಿಗೆ ಯಾವ ವಾರ ಹೋಗಬೇಕ್ರಿ?" ಎಂದಳು.

ಸೋಮವಾರ ಎಂದೆ. ಮುಂಜಾನೆಯ ಬಸ್ಸಿಗೆ ನಾನೂ ಬರುತ್ತೇನೆ ಎಂದೆ.