ಕಂಡಕ್ಟರರ ಕಾಳುಸಾರು

ಎಂ.ಸಿ.ಸಿ. ಬಡಾವಣೆಯಲ್ಲಿ ನಮ್ಮ ಪಕ್ಕದ ಮನೆಯವರು ದಾವಣಗೆರೆ–ಹರಿಹರ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದು ನಿವೃತ್ತರಾದವರು. ಭಾನುವಾರ ಅಡುಗೆ ಅವರದೇ, ಊಟಕ್ಕೆ ನಾವೂ ಇರಬೇಕು. ಹಿಂದಿನ ದಿನ ನೆನೆಹಾಕಿದ ಕಡಲೆ, ಅಲಸಂದೆ, ಹುರುಳಿ, ಅವರೆ ಎಲ್ಲವೂ ಒಂದೇ ಪಾತ್ರೆಯಲ್ಲಿ ಕುದಿಯುತ್ತಿದ್ದವು. ಕುಕ್ಕರ್ ಅವರಿಗೆ ಆಗಿಬರದು. ಒಂದೊಂದು ಬಗೆಯ ಕಾಳನ್ನೂ ಸೌಟಿನಲ್ಲಿ ಎತ್ತಿ, ಬೆರಳಲ್ಲಿ ಹಿಸುಕಿ ನೋಡುತ್ತಿದ್ದರು. ಹುಳಿ ಬಿದ್ದಮೇಲೆ ಗಟ್ಟಿ ಕಾಳು ಮೆತ್ತಗಾಗುವುದಿಲ್ಲ. ಹಸಿವು ತಡೆಯದೆ ನಾನು ಹುಣಸೆರಸದ ಬಟ್ಟಲು ಎತ್ತಿದರೆ ಕೈ ಅಡ್ಡ ಹಿಡಿಯುತ್ತಿದ್ದರು.

"ತಡೀರಿ, ಇನ್ನೊಬ್ರು ಬರೋದೈತೆ."

ಆ ಒಬ್ಬರು ಯಾವಾಗಲೂ ಕಡಲೆಯೇ.

ಒಂದು ಭಾನುವಾರ ಹುಳಿ ಬಿತ್ತು, ಒಗ್ಗರಣೆಯೂ ಆಯಿತು. ರೊಟ್ಟಿ ಹಾಕಿಕೊಂಡು ಕೂತಿದ್ದೆವು. ಅವರು ಮಾತ್ರ ಸಾರು ಬಡಿಸಲೇ ಇಲ್ಲ.

"ಕಡಲೆನೂ ಬೆಂದೈತಲ್ರಿ, ಇನ್ನೇನು?" ಎಂದೆ.

"ಇನ್ನೊಬ್ರು ಬರೋದೈತೆ."

ಗೇಟಿನ ಬಳಿ ಸ್ಕೂಟರ್ ನಿಂತಿತು. ಮನೆ ಪಾಲಾದಾಗ ಮಾತು ಬಿಟ್ಟು, ನಾಲ್ಕು ವರ್ಷದಿಂದ ಇತ್ತ ಸುಳಿಯದಿದ್ದ, ಆವರಗೆರೆಯಲ್ಲಿರುವ ಅವರ ತಮ್ಮ, ಚಪ್ಪಲಿ ಬಿಡಲೋ ಬೇಡವೋ ಎಂಬಂತೆ ಬಾಗಿಲಲ್ಲಿ ನಿಂತರು.

"ಬಾರೋ, ಸಾರು ಆರ್ತೈತೆ."

ಮೊದಲ ಸೌಟು ತಮ್ಮನ ತಟ್ಟೆಗೆ ಬಿತ್ತು. ಅವರು ಒಂದು ಕಡಲೆ ಆರಿಸಿ, ಅಣ್ಣನಂತೆಯೇ ಬೆರಳಲ್ಲಿ ಹಿಸುಕಿ ನೋಡಿದರು.

"ಬೆಂದೈತೆ ಬಿಡಣ್ಣ."