ಸುಲಿದ ಕಾಯಿಯ ಅಟ್ಟ

ಸಿನಿಮಾಗಳಿಗೆ ಮನೆ, ಅಂಗಡಿ, ಪೊಲೀಸ್ ಠಾಣೆ ಕಟ್ಟಿಕೊಡುವ ಕಲಾ ನಿರ್ದೇಶಕ ನಾನು. ಗುಬ್ಬಿಯ ತೋಟದಲ್ಲಿರುವ ನಮ್ಮಪ್ಪ ಇದನ್ನು ಊರವರಿಗೆ ವಿವರಿಸಿ ಸಾಕಾಗಿ, "ತುಮಕೂರಲ್ಲಿ ಏನೋ ಕಾಂಟ್ರಾಕ್ಟು ಮಾಡ್ತಾನೆ" ಎಂದು ಮುಗಿಸುತ್ತಿದ್ದರು. ನನ್ನ ಹೆಸರು ಬರುವುದು ಸಿನಿಮಾ ಮುಗಿದ ಮೇಲೆ. ಅಷ್ಟು ಹೊತ್ತಿಗೆ ಜನ ಚಪ್ಪಲಿ ಹುಡುಕುತ್ತಿರುತ್ತಾರೆ. ಹೆಸರು ಯಾರೂ ಓದಲ್ಲ ಅಂತ ಅಪ್ಪನ ಮುಂದೆ ನಾನು ಗೊಣಗದ ಹಬ್ಬವಿಲ್ಲ.

ಕೊನೆಗೊಮ್ಮೆ ನಮ್ಮ ಸೀಮೆಯದೇ ಕಥೆ ಸಿಕ್ಕಿತು. ಕುಣಿಗಲ್ ಹತ್ತಿರದ ಹಳೇ ಮನೆಯೊಂದರಲ್ಲಿ ಕೊಬ್ಬರಿ ಅಟ್ಟ ಕಟ್ಟಿಸಿ, ಒಂದು ಲೋಡು ತೆಂಗಿನಕಾಯಿ ಸುಲಿಸಿ, ಸಾಲಾಗಿ ಜೋಡಿಸಿದೆ. ಆಹಾ, ಏನು ಚಂದ! "ಸುಲಿದ್ ಕಾಯಾ ಸಾರ್?" ಎಂದು ಅಲ್ಲಿನ ಬಡಗಿ ಅನುಮಾನಿಸಿದ.

"ನಾನು ಗುಬ್ಬಿಯವ್ನು ಕಣಯ್ಯಾ! ನನಗೇ ಹೇಳ್ಕೊಡ್ತೀಯಾ?"

ಅಟ್ಟಕ್ಕೆ ಕಾಯಿ ಏರಿಸುವ ದಿನವೆಲ್ಲ ಡ್ರಾಯಿಂಗ್ ಪರೀಕ್ಷೆಯ ನೆಪ ಹೇಳಿ ತಪ್ಪಿಸಿಕೊಂಡ ಮಹಾನುಭಾವ ನಾನು ಎಂಬುದನ್ನು ಅವನಿಗೆ ಹೇಳಲಿಲ್ಲ.

ಒಂದು ಭಾನುವಾರ ಮಧ್ಯಾಹ್ನ ಆ ಸಿನಿಮಾ ಟಿವಿಗೆ ಬಂತು. ಅಪ್ಪ ಅಕ್ಕಪಕ್ಕದ ತೋಟದವರನ್ನೆಲ್ಲ ಕರೆದು ಕೂರಿಸಿದರು. "ಮನೆ ಪೂರಾ ನನ್ ಮಗಂದೇ ಕೆಲ್ಸ. ಕೊನೇಲಿ ಹೆಸ್ರು ಬರೋಗಂಟ ಒಬ್ರೂ ಏಳ್ಬಾರ್ದು." ಇಷ್ಟು ವರ್ಷದಲ್ಲಿ ಮೊದಲ ಸಲ ಅವರ ಬಾಯಲ್ಲಿ ಈ ಮಾತು. ಊರಿಗೆ ಬಂದಿದ್ದ ನಾನು ಮುಂದಿನ ಸಾಲಲ್ಲೇ ಕೂತೆ.

ಅಟ್ಟ ಬಂತು. ಎಲ್ಲರೂ ಗೊಳ್ಳೆಂದು ನಕ್ಕರು.

"ಥೂ, ಯಾವನ್ಲಾ ಇವ್ನು!" ಎಂದರು ಪಕ್ಕದ ತೋಟದ ಯಜಮಾನರು. "ಸಿಪ್ಪೆ ಸಮೇತ ವರ್ಷ ಇಟ್ರೆ ತಾನೆ ಒಳ್ಗೆ ಕೊಬ್ರಿ ಆಗೋದು? ಸುಲಿದಿಟ್ರೆ ಕೊಳ್ತೋಯ್ತದೆ!"

ಅಪ್ಪ ನನ್ನ ಕಡೆ ನೋಡಲಿಲ್ಲ. "ಅಟ್ಟ ನಮ್ ಹುಡುಗಂದಲ್ಲ ಕಣ್ರಪ್ಪ. ಅದ್ಯಾವನೋ ಬೆಂಗ್ಳೂರವ್ನು ಮಾಡವ್ನೆ."

ನಾನೂ ನಾಚಿಕೆಗೆಟ್ಟು ತಲೆಯಾಡಿಸಿದೆ.

ಸಿನಿಮಾ ಮುಗಿಯಿತು. ಅಪ್ಪ ಹೇಳಿದ್ದಂತೆ ಒಬ್ಬರೂ ಏಳಲಿಲ್ಲ. ನನ್ನ ಹೆಸರಿಗೆ ಮೊದಲ ಸಲ ಪ್ರೇಕ್ಷಕರು ಸಿಕ್ಕಿದ್ದರು. ಕಥೆ, ಸಂಭಾಷಣೆ, ಛಾಯಾಗ್ರಹಣ ಎಂದು ಹೆಸರುಗಳು ಒಂದೊಂದಾಗಿ ಮೇಲೇರತೊಡಗಿದವು. ದೇವರೇ, ಇವತ್ತೊಂದು ದಿನ ಬೇಡ ಅಂದುಕೊಂಡೆ. ಅಪ್ಪ ರಿಮೋಟ್ ಎತ್ತಿ ಟಿವಿ ಆರಿಸಿದರು. "ಏಳ್ರಪ್ಪ, ಕಾಫಿ ಆಗೈತೆ."

ಎಲ್ಲರೂ ಹೋದ ಮೇಲೆ ಅಪ್ಪ ಏಣಿ ತಂದು ನಮ್ಮ ಕೊಬ್ಬರಿ ಅಟ್ಟಕ್ಕೆ ಒರಗಿಸಿದರು.

"ಹತ್ಲಾ," ಎಂದರು.